ಎರಡನೇ ಬೀರುವಿನ ಬಾಗಿಲು

ಅವರ ಸೀರೆಯ ಅಂಚಿನಲ್ಲಿ ಕೆಂಪು ಧೂಳಿರುತ್ತಿತ್ತು. ಗಂಜಿ ಹಾಕಿ ಇಸ್ತ್ರಿ ಮಾಡಿದ ಕಾಟನ್ ಸೀರೆ, ಒಂದರ ಮೇಲೊಂದು ಅಚ್ಚುಕಟ್ಟಾಗಿ ಕೂತ ನೆರಿಗೆ. ಆದರೆ ಪಾದದ ಹತ್ತಿರ, ಅಂಚಿನ ಬೆರಳಗಲದಷ್ಟು ಜಾಗದಲ್ಲಿ, ಕೆಂಪು. ನಮ್ಮ ಕಡೆಯ ಮಣ್ಣಿನ ಕೆಂಪಲ್ಲ. ಅದಿರಿನ ಲಾರಿಗಳು ಓಡಾಡುವ ಊರುಗಳಲ್ಲಿ ಮರದ ಎಲೆಗಳ ಮೇಲೆಲ್ಲ ಕೂರುತ್ತದಲ್ಲ, ಬೆಳಕಿಗೆ ಹಿಡಿದರೆ ಸಣ್ಣಗೆ ಮಿನುಗುವಂಥದ್ದು, ಅದು. ಬೆಂಗಳೂರಿನ ಚಂದ್ರಾ ಲೇಔಟ್‌ನಲ್ಲಿ ಅಂಥ ಧೂಳಿಲ್ಲ. ಆ ವರ್ಷಗಳಲ್ಲಿ ಅವರು ಈ ಸುತ್ತಮುತ್ತಲು ಬಿಟ್ಟು ದೂರ ಹೋಗಿದ್ದೂ ಇಲ್ಲ.

ಮಿನುಗುತ್ತಿತ್ತು ಎಂಬುದು ನಾನು ಕಂಡದ್ದೋ, ಆಮೇಲೆ ಸೇರಿಸಿಕೊಂಡದ್ದೋ ಗೊತ್ತಿಲ್ಲ. ನನ್ನ ದಿನಚರಿಯಲ್ಲಿ ಆಂಟಿಯ ಸೀರೆಗೆ ಧೂಳು ಎಂದಷ್ಟೇ ಇದೆ. ನೀರಿನ ಪೈಪಿಗೆಂದು ನಮ್ಮ ರಸ್ತೆಯನ್ನು ಅಗೆದು ಹಾಗೇ ಬಿಟ್ಟಿದ್ದಾರೆ ಎಂದೂ ಅದೇ ದಿನಗಳಲ್ಲಿ ಬರೆದುಕೊಂಡಿದ್ದೇನೆ. ನಾನು ವಿಜಯನಗರದ ಕಾಲೇಜೊಂದರಲ್ಲಿ ಇತಿಹಾಸ ಪಾಠ ಮಾಡುವವಳು. ಕಣ್ಣಾರೆ ಕಂಡವರು ಬರಬರುತ್ತಾ ತಮ್ಮ ಸಾಕ್ಷಿಯನ್ನು ಹೇಗೆ ಚೆಂದ ಮಾಡಿಕೊಳ್ಳುತ್ತಾರೆ ಎಂದು ಹುಡುಗರಿಗೆ ಹೇಳಿಕೊಡುತ್ತೇನೆ. ನನ್ನ ಈ ಬರಹವನ್ನೂ ಅದೇ ಎಚ್ಚರದಲ್ಲಿ ಓದಬೇಕು.

ಆಂಟಿ ನಮ್ಮ ಮನೆಯ ಓನರ್. ಮಹಡಿಯಲ್ಲಿ ನಾನು ಬಾಡಿಗೆಗಿದ್ದೆ. ಕೆಳಗೆ ಅವರು ಮತ್ತು ಅವರ ತಂಗಿ. ಆಂಟಿ ಮದುವೆಯಾಗಿರಲಿಲ್ಲ, ತಂಗಿ ಗಂಡ ತೀರಿಕೊಂಡ ಮೇಲೆ ಅಕ್ಕನ ಜೊತೆ ಬಂದು ಸೇರಿದವರು, ನಾನು ಅವರನ್ನು ಚಿಕ್ಕಾಂಟಿ ಎನ್ನುತ್ತಿದ್ದೆ. ಅವರ ಅಪ್ಪ ರಾಗಿ ಬೆಳೆಯುತ್ತಿದ್ದ ಹೊಲ ಲೇಔಟ್ ಆದಾಗ ಕೈಯಲ್ಲಿ ಉಳಿದ ಒಂದು ಸೈಟಿನಲ್ಲಿ ಕಟ್ಟಿದ ಮನೆ ಅದು. ಆಂಟಿ ಸರ್ಕಾರಿ ಇಲಾಖೆಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕಿಯಾಗಿದ್ದು ನಿವೃತ್ತರಾಗಿದ್ದರು.

ಬಾಡಿಗೆ ಕರಾರು ಮಾಡಿಕೊಳ್ಳುವ ದಿನ ನಾನು ಕೊನೆಯ ಪುಟ ತಿರುಗಿಸಿ ಸಹಿ ಹಾಕಲು ಹೋದೆ. ಅವರು ಪೆನ್ನನ್ನೇ ಕಿತ್ತುಕೊಂಡರು.

"ಓದಿದ್ಯೇನಮ್ಮ?"

"ಓದೋದೇನಿದೆ ಆಂಟಿ, ಎಲ್ಲಾ ಕಡೆ ಒಂದೇ ಥರ ಇರುತ್ತೆ."

"ಕೂತ್ಕೋ. ಓದು. ನಾನೆಲ್ಲಿಗೂ ಹೋಗಲ್ಲ."

ಇತಿಹಾಸದ ಮೇಷ್ಟ್ರಿಗೆ ಒಂದು ಕಾಗದ ಓದಲು ಬೇರೆಯವರು ಹೇಳಬೇಕಾಯಿತು. ನಾನು ಓದಿ ಮುಗಿಸುವವರೆಗೂ ಅವರು ಎದುರಿಗೆ ಕೂತೇ ಇದ್ದರು. ಕೊರಿಯರ್ ಬಂದರೂ ಅಷ್ಟೇ. ಹೊರಗಿನ ವಿಳಾಸ, ಒಳಗಿನ ಸಾಮಾನು ಎರಡನ್ನೂ ನೋಡದೆ ಸಹಿ ಇಲ್ಲ. ಡೆಲಿವರಿಗೆ ಬರುತ್ತಿದ್ದ ಹುಡುಗನೊಬ್ಬ, ರಾಯಚೂರು ಕಡೆಯವನು, ಅವರಿಗೆ ಆಡಿಟ್ ಆಂಟಿ ಎಂದೇ ಹೆಸರಿಟ್ಟಿದ್ದ. "ಲಗೂನ ಸೈನ್ ಹಾಕ್ರಿ ಆಂಟಿ, ಇನ್ನಾ ಭಾಳ ಮನಿ ಅದಾವ್ರಿ," ಎಂದು ಬೈಕಿನ ಮೇಲಿಂದಲೇ ಗೋಗರೆಯುತ್ತಿದ್ದ.

"ಲಗೂನ ಹಾಕಿದ್ದಕ್ಕೇ ನನ್ನ ಗತಿ ಹಿಂಗಾಗಿರೋದು ಕಣಪ್ಪಾ," ಎನ್ನುತ್ತಾ ಅವರು ಕತ್ತರಿ ತರಲು ಒಳಗೆ ಹೋಗುತ್ತಿದ್ದರು.

ಅದು ತಮಾಷೆಯ ಮಾತಾಗಿರಲಿಲ್ಲ. ಸರ್ಕಾರಿ ಕಚೇರಿಯಲ್ಲಿ ಒಂದು ಜಾಗ ಬಿಟ್ಟು ಹೋಗುವವರು ಬರುವವರಿಗೆ ಚಾರ್ಜ್ ಕೊಡಬೇಕು. ಫೈಲು, ಬೀರು, ಬೀಗದ ಕೈ, ಎಲ್ಲವನ್ನೂ ತೋರಿಸಿ ಒಪ್ಪಿಸಬೇಕು, ಇಬ್ಬರೂ ಸಹಿ ಹಾಕಬೇಕು. ಕೆಲಸಕ್ಕೆ ಸೇರಿದ ಹೊಸದರಲ್ಲಿ ಆಂಟಿ ಹಿರಿಯರೊಬ್ಬರ ಮುಖ ನೋಡಿ, ಅವರನ್ನು ಅನುಮಾನಿಸಿದ ಹಾಗಾಗುತ್ತದೆಂದು, ಫೈಲುಗಳನ್ನು ಎಣಿಸದೆ ಸಹಿ ಹಾಕಿದ್ದರು. ಅದರಲ್ಲಿ ಒಂದು ಇರಲಿಲ್ಲ. ವರ್ಷಗಳ ಮೇಲೆ ಯಾರಿಗೋ ಅದು ಬೇಕಾದಾಗ ಫೈಲು ಸಿಗಲಿಲ್ಲ, ಆಂಟಿಯ ಸಹಿ ಸಿಕ್ಕಿತು. ಅವರ ಮೇಲೆ ಇಲಾಖಾ ವಿಚಾರಣೆ ಶುರುವಾಯಿತು. ಸೂಪರಿಂಟೆಂಡೆಂಟ್ ಆಗಿ ಬಡ್ತಿ ಪಡೆಯುವ ಅವರ ಸರದಿ ಬಂದದ್ದು ಅದೇ ಹೊತ್ತಿಗೆ. ವಿಚಾರಣೆ ಬಾಕಿಯಿದೆ ಎಂದು ಅವರನ್ನು ದಾಟಿ, ಅವರ ಪಕ್ಕದಲ್ಲೇ ಕೂತು ಕೆಲಸ ಕಲಿತಿದ್ದ ಜೂನಿಯರ್ ಒಬ್ಬಳಿಗೆ ಬಡ್ತಿ ಕೊಟ್ಟು, ಬಳ್ಳಾರಿ ಕಡೆಯ ಕಚೇರಿಗೆ ಕಳಿಸಿದರು. ಆ ಫೈಲು ಕೊನೆಗೊಂದು ದಿನ ಬೇರೆ ಶಾಖೆಯ ಅಟ್ಟದ ಮೇಲೆ ಸಿಕ್ಕಿತು. ಆಂಟಿಯದೇನೂ ತಪ್ಪಿಲ್ಲ ಎಂದಾಯಿತು. ಅವರು ನ್ಯಾಯಮಂಡಳಿಗೆ ಹೋದರು. ಕೇಸು ಗೆದ್ದದ್ದು ಮಾತ್ರ ನಿವೃತ್ತಿಯ ಬಹಳ ಕಾಲದ ಮೇಲೆ, ನಾನು ಆ ಮನೆಗೆ ಬಂದ ಮಾರನೇ ವರ್ಷ.

ಅದೊಂದು ವಿಚಿತ್ರವಾದ ಗೆಲುವು. ಇಲಾಖೆ ಹೊರಡಿಸಿದ ಆದೇಶವನ್ನು ಆಂಟಿ ನನ್ನನ್ನು ಕೂರಿಸಿಕೊಂಡು ಓದಿದರು. ಜೂನಿಯರ್‌ಗೆ ಬಡ್ತಿ ಸಿಕ್ಕ ದಿನದಿಂದಲೇ ಇವರಿಗೂ ಆ ಹುದ್ದೆಗೆ ಕಾಲ್ಪನಿಕವಾಗಿ, ಅಂದರೆ ಕಾಗದದ ಮೇಲಷ್ಟೇ, ಬಡ್ತಿ. ಪಿಂಚಣಿ ಆ ಲೆಕ್ಕದಲ್ಲಿ. ಆದರೆ ಸದರಿ ಹುದ್ದೆಯಲ್ಲಿ ವಾಸ್ತವವಾಗಿ ಕೆಲಸ ನಿರ್ವಹಿಸಿಲ್ಲವಾದ ಕಾರಣ ಆ ಅವಧಿಯ ಹಿಂಬಾಕಿ ವೇತನಕ್ಕೆ ಅರ್ಹರಲ್ಲ. ಅಂದರೆ ಅವರು ಅಲ್ಲಿದ್ದರು ಎಂದು ಸರ್ಕಾರ ಒಪ್ಪಿತ್ತು, ಇರಲಿಲ್ಲ ಎಂದೂ ಒಪ್ಪಿತ್ತು. ನಾನು ಇದನ್ನು ಹೇಳಿ ನಗಬೇಕೆಂದಿದ್ದೆ. ಅವರ ಬೆರಳು ಆ ಕೊನೆಯ ಸಾಲಿನ ಮೇಲೆಯೇ ನಿಂತಿತ್ತು.

"ದುಡ್ಡು ಹಾಳಾಗ್ಲಿ. ಕೆಲಸ ಮಾಡಿಲ್ಲ ಅಂತ ಬರ್ದಿದಾರೆ ನೋಡಮ್ಮ. ನನ್ನ ಬಗ್ಗೆ."

ಜ್ವರ ಇಟ್ಟುಕೊಂಡೂ ಕಚೇರಿಗೆ ಹೋಗಿದ್ದವರು, ಅಪ್ಪನ ತಿಥಿಯ ದಿನವೂ ಮಧ್ಯಾಹ್ನದ ಮೇಲೆ ಹೋಗಿ ಕೂತವರು ಎಂದು ಚಿಕ್ಕಾಂಟಿ ಆಮೇಲೆ ಹೇಳಿದರು. ಆ ಒಂದು ಸಾಲು ಹೋಗಬೇಕು, ಆಂಟಿಗೆ ಬೇಕಾದದ್ದು ಅಷ್ಟೇ. ಮತ್ತೆ ಕೇಸು ಹಾಕಿದರು.

ಅವರ ವಕೀಲರ ಆಫೀಸು ಆರ್‌ಪಿಸಿ ಲೇಔಟ್‌ನಲ್ಲಿ, ದರ್ಶಿನಿಯೊಂದರ ಮಹಡಿಯಲ್ಲಿತ್ತು; ಅಲ್ಲಿನ ಕಾಗದಗಳಿಗೂ ಸಾಂಬಾರಿನ ವಾಸನೆ. ಜೊತೆಗೆ ನಾನೂ ಹೋಗಿದ್ದೆ. ದುಡಿಯದವರಿಗೆ ಸಂಬಳವಿಲ್ಲ ಎಂಬ ನಿಯಮ ತಾವಾಗಿ ತಪ್ಪಿಸಿಕೊಂಡವರಿಗೆ ಮಾತ್ರ ಎಂದು ವಕೀಲರು ವಿವರಿಸಿದರು. ದುಡಿಯಲು ಸಿದ್ಧರಿದ್ದವರನ್ನು ಇಲಾಖೆಯೇ ತಪ್ಪಾಗಿ ಹೊರಗಿಟ್ಟಿದ್ದರೆ ಸಂಬಳ ಕೊಡಲೇಬೇಕು. "ನೀವು ರೆಡಿ ಇದ್ರಿ, ಅವರು ಬಿಡ್ಲಿಲ್ಲ. ನಮ್ಮ ಕೇಸು ಇಷ್ಟೇ ಮೇಡಂ."

ಮರುದಿನದಿಂದ ಆಂಟಿ ರೆಡಿಯಾದರು.

ಇದನ್ನು ಬೇರೆ ರೀತಿ ಹೇಳಲು ನನಗೆ ಬರುವುದಿಲ್ಲ. ಬೆಳಿಗ್ಗೆ ಕಚೇರಿಯ ಹೊತ್ತಿಗೆ ಗಂಜಿ ಸೀರೆ ಉಟ್ಟು, ವ್ಯಾನಿಟಿ ಬ್ಯಾಗು, ಊಟದ ಡಬ್ಬಿ ಹಿಡಿದು ಮುಂದಿನ ವರಾಂಡದ ಮೇಜಿನ ಹಿಂದೆ ಬಂದು ಕೂರುವರು. ಮಧ್ಯಾಹ್ನ ಅಲ್ಲೇ ಡಬ್ಬಿ ಬಿಚ್ಚುವರು. ಸಂಜೆ ಎದ್ದು ಒಳಗೆ ಹೋಗಿ ಸೀರೆ ಬದಲಾಯಿಸುವರು. ಮೇಜಿನ ಮೇಲೆ ಏನೂ ಇರುತ್ತಿರಲಿಲ್ಲ. ಮೊದಮೊದಲು ನಮಗೆಲ್ಲ ತಮಾಷೆ. ಯಾರಾದರೂ ಆಂಟಿಯನ್ನು ಕೇಳಿಕೊಂಡು ಬಂದರೆ ಚಿಕ್ಕಾಂಟಿ ಕಿಟಕಿಯಿಂದಲೇ, "ಅಕ್ಕಂಗೆ ಬಳ್ಳಾರಿಗೆ ಟ್ರಾನ್ಸ್‌ಫರ್ ಆಗಿದೆ, ಸಂಜೆ ಬನ್ನಿ," ಎನ್ನುತ್ತಿದ್ದರು. ಆಂಟಿಯೂ ನಗುತ್ತಿದ್ದರು.

ಕಾಲೇಜಿನಿಂದ ಬಂದವಳು ಅವರ ಎದುರು ಕೂತು ಕಾಫಿ ಕುಡಿಯುವುದು ನನಗೆ ರೂಢಿಯಾಯಿತು. ಆಗ ಅವರು ಆ ಕಚೇರಿಯ ಮಾತಾಡುತ್ತಿದ್ದರು. ಹೋಗಿದ್ದರೆ ಎಲ್ಲಿ ಕೂರುತ್ತಿದ್ದೆ, ಏನು ಮಾಡುತ್ತಿದ್ದೆ ಎಂದು. ಕಿಟಕಿಯ ಹೊರಗೆ ಒಂದು ಹೊಂಗೆ ಮರ, ಅದರಾಚೆ ಲಾರಿಗಳ ದಾರಿ. ತಲೆಯ ಮೇಲಿನ ಫ್ಯಾನಿಗೆ ಒಂದು ಕಡೆಗೆ ವಾಲುವ ಚಾಳಿ. ಟೀ ತರುವ ಅಟೆಂಡರ್‌ಗೆ ಎಡಗಿವಿ ಕೇಳಿಸದು, ಬಲಕ್ಕೆ ನಿಂತು ಹೇಳಬೇಕು. ಎರಡು ಬೀರು. ಎರಡನೆಯದರ ಬಾಗಿಲು ಜೋತುಬಿದ್ದಿದೆ. "ಎತ್ತಿ ಹಾಕ್ಬೇಕು ಅದನ್ನ. ಹಂಗೇ ತಳ್ಳಿದ್ರೆ ಬೀಗ ಬೀಳಲ್ಲ," ಎಂದು ಬಲಗೈಯನ್ನು ಹಿಡಿಯ ಮೇಲಿಟ್ಟ ಹಾಗೆ ಮಾಡಿ, ತುಸು ಮೇಲೆತ್ತಿ ಮುಂದಕ್ಕೆ ದೂಡಿ ತೋರಿಸುತ್ತಿದ್ದರು. ಅವರ ಮುಖಕ್ಕಿಂತ ಚೆನ್ನಾಗಿ ನನಗೆ ಈ ಕೈ ನೆನಪಿದೆ. ಆ ಮಾತು ಕಲ್ಪನೆಯಾಗಿದ್ದದ್ದು ಯಾವಾಗ ನೆನಪಾಗಿ ತಿರುಗಿತು ಎಂಬುದನ್ನು ಮಾತ್ರ ನಾನು ಗಮನಿಸಲಿಲ್ಲ. ದಿನಾ ಎದುರಿಗಿದ್ದವಳು ನಾನೇ.

ಒಂದು ಮಧ್ಯಾಹ್ನ ಕಾಲೇಜು ಬೇಗ ಬಿಟ್ಟಿತ್ತು. ಗೇಟು ತೆಗೆದು ಒಳಗೆ ಬಂದು ಏನೋ ಕೇಳಲು ಬಾಯಿ ತೆರೆದೆ. ಆಂಟಿ ನನ್ನ ಕಡೆ ನೋಡದೆ ಕೈಯೆತ್ತಿ ತಡೆದರು.

"ಒಂದ್ನಿಮಿಷ ಇರಿ. ಲಾರಿ ಹೋಗ್ಲಿ."

ನನಗೆ ಅವರು ಯಾವತ್ತೂ ಬಹುವಚನ ಬಳಸಿದವರಲ್ಲ. ಅಗೆದ ರಸ್ತೆಯಲ್ಲಿ ಸೈಕಲ್ ಕೂಡ ಬರುವಂತಿರಲಿಲ್ಲ. ಎದುರು ಮನೆಯ ಪಾರಿವಾಳಗಳು ಬಿಟ್ಟರೆ ಸದ್ದೇ ಇರಲಿಲ್ಲ. ನಾನು ನಿಂತೆ. ಅವರು ಗದ್ದಲ ಮುಗಿಯಲೆಂದು ಕಾಯುವವರ ಹಾಗೆ ಹುಬ್ಬು ಗಂಟಿಕ್ಕಿ ಕೂತಿದ್ದರು. ಆಮೇಲೆ ಇಬ್ಬರೂ ಒಟ್ಟಿಗೇ ಮಾತು ಶುರು ಮಾಡಿದೆವು. ಇಲ್ಲದ ಲಾರಿ ದಾಟಿ ಹೋದದ್ದು ನನಗೆ ಹೇಗೆ ತಿಳಿಯಿತು ಎಂದು ಆಗ ಯೋಚಿಸಲಿಲ್ಲ. ಈಗ ಯೋಚಿಸುತ್ತೇನೆ.

ಆ ವಾರದಲ್ಲೇ ಇರಬೇಕು, ಚಿಕ್ಕಾಂಟಿ ಬಟ್ಟೆ ಒಗೆಯುತ್ತಾ, ಎಲ್ಲಿ ಹೊರಳಾಡಿ ಬಂದೆ ಅಕ್ಕ, ಬಕೆಟ್ ನೀರೆಲ್ಲ ಕೆಂಪಾಗಿದೆ ಎಂದು ರೇಗಿಸಿದರು. ಆಂಟಿ ಬೇಸರದಿಂದಲ್ಲ, ಇರುವ ವಿಷಯ ಹೇಳುವವರ ಹಾಗೆ ಉತ್ತರ ಕೊಟ್ಟರು. "ಅಲ್ಲಿ ಹಂಗೇ ಕಣೇ. ಎಷ್ಟು ಒರೆಸಿದ್ರೂ ಅಷ್ಟೇ."

ಚಿಕ್ಕಾಂಟಿ ಅಂದಿನಿಂದ ಟ್ರಾನ್ಸ್‌ಫರ್ ಜೋಕು ನಿಲ್ಲಿಸಿದರು. ಅಕ್ಕನನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋದರು. ಡಾಕ್ಟರು ಕೇಳಿದ್ದಕ್ಕೆಲ್ಲ ಆಂಟಿ ಸರಿಯಾಗಿ ಉತ್ತರಿಸಿ, ಕೊನೆಗೆ ಅವರ ಚೀಟಿಯಲ್ಲಿದ್ದ ತಮ್ಮ ವಯಸ್ಸಿನ ತಪ್ಪನ್ನು ತಿದ್ದಿಸಿಕೊಂಡು ಬಂದರು.

ಹೀಗಿರುವಾಗ ಕೋರ್ಟಿಗೆ ಅಫಿಡವಿಟ್ ಸಲ್ಲಿಸುವ ಗಡುವು ಹತ್ತಿರ ಬಂತು. ಆಫೀಸಿಗೆ ಹೋದ ನಮ್ಮ ಮೂವರಿಗೂ ವಕೀಲರು ಅದನ್ನು ಕನ್ನಡದಲ್ಲಿ ಓದಿ ಹೇಳಿದರು: ಅರ್ಜಿದಾರರು ಸದರಿ ಹುದ್ದೆಯಲ್ಲಿ ಕೆಲಸ ಮಾಡಲು ಸದಾ ಸಿದ್ಧರಿದ್ದರು; ಇಲಾಖೆಯ ತಪ್ಪಿನಿಂದಾಗಿ ಅವರಿಗೆ ಒಂದು ದಿನವೂ ಅಲ್ಲಿ ಕೆಲಸ ಮಾಡುವ ಅವಕಾಶ ಸಿಗಲಿಲ್ಲ.

ಆಂಟಿ ಪೆನ್ನಿನ ಮುಚ್ಚಳ ಹಾಕಿದರು.

"ಸಿಗ್ಲಿಲ್ಲ ಅಂತ ಬರೀಬೇಡಿ ಸಾರ್. ಅದು ಸುಳ್ಳಾಗುತ್ತೆ."

ವಕೀಲರು ನನ್ನ ಮುಖ ನೋಡಿದರು, ಚಿಕ್ಕಾಂಟಿಯ ಮುಖ ನೋಡಿದರು. ಆಮೇಲೆ ಬಹಳ ಮೆಲ್ಲಗೆ, ಅಲ್ಲಿಗೆ ಹೋಗಿಲ್ಲ ಎಂದರೆ ಮಾತ್ರ ಕೇಸು ನಿಲ್ಲುತ್ತದೆ, ಹೋಗಿದ್ದೆ ಎಂದರೆ ಅಲ್ಲೇ ಬಿತ್ತು ಎಂದರು. "ಮಾಡಿಲ್ಲ ಅಂದ್ರೆ ಗೆಲ್ತೀರಿ ಮೇಡಂ. ಮಾಡಿದೀನಿ ಅಂದ್ರೆ ಏನಂತಾರೆ ನೀವೇ ಯೋಚನೆ ಮಾಡಿ."

"ಅನ್ಲಿ. ನೋಡದೆ ಒಂದ್ಸಲ ಸೈನ್ ಹಾಕಿದೀನಿ. ಗೊತ್ತಿದ್ದೂ ಹಾಕಲ್ಲ."

ಚಿಕ್ಕಾಂಟಿ ಆಟೋದಲ್ಲಿ ಇಡೀ ದಾರಿ ಅತ್ತರು. ನ್ಯಾಯಕ್ಕೆಂದು ಬದುಕಿನ ಅರ್ಧ ಕೋರ್ಟಿಗೆ ಅಲೆದವರು, ಆ ಸಾಲು ಹೋಗುವ ಹೊತ್ತಿಗೆ ಸಹಿಯೊಂದನ್ನು ಹಾಕದೆ ಕೂತಿದ್ದರು. ನಾನು ನನಗೆ ಗೊತ್ತಿರುವ ದಾರಿ ಹಿಡಿದೆ. ಸಾಕ್ಷಿ ತಪ್ಪಿದ್ದರೆ ಇನ್ನೊಬ್ಬ ಸಾಕ್ಷಿಯನ್ನು ಎದುರಿಗೆ ತರಬೇಕು. ಆ ಜಾಗದಲ್ಲಿ ನಿಜವಾಗಿ ಕೂತಿದ್ದ ಜೂನಿಯರ್ ಕೂಡ ಅಷ್ಟರಲ್ಲಿ ನಿವೃತ್ತರಾಗಿ ಕೆಂಗೇರಿಯಲ್ಲಿದ್ದರು. ಫೋನು ಮಾಡಿ ಎಲ್ಲ ಹೇಳಿದೆ. ಅಲ್ಲಿದ್ದದ್ದು ನಾನು ಎಂದು ಒಂದು ಮಾತು ಆಂಟಿಗೆ ಸಮಾಧಾನವಾಗಿ ತಿಳಿಸಿ ಹೋಗಿ ಎಂದು ಕೇಳಿಕೊಂಡೆ. ಅವರು ಬರ್ತೀನಿ ಎಂದರು.

ಮೆಟ್ರೋದಲ್ಲಿ ಅತ್ತಿಗುಪ್ಪೆಗೆ ಬಂದು ಇಳಿದವರನ್ನು ನಾನೇ ಕರೆತಂದೆ. ಮಂಡಿನೋವಿನ, ಮೃದು ಮಾತಿನ ಹೆಂಗಸು. ವರಾಂಡದಲ್ಲಿ ಆಂಟಿಯ ಮೇಜಿನ ಎದುರು ಕೂತರು. ಚಿಕ್ಕಾಂಟಿ ಕಾಫಿ ತಂದುಕೊಟ್ಟು ಬಾಗಿಲ ಬಳಿ ನಿಂತರು. ಕ್ಷೇಮ ಸಮಾಚಾರ ಮುಗಿದ ಮೇಲೆ ಜೂನಿಯರ್ ತಲೆ ತಗ್ಗಿಸಿ ಹೇಳಿದರು.

"ಅಕ್ಕಾ, ಅಲ್ಲಿದ್ದಿದ್ದು ನಾನು."

"ಗೊತ್ತು ಕಣೇ," ಎಂದರು ಆಂಟಿ. "ನೀನೂ ಇದ್ದೆ."

ಆಂಟಿಯೇ ಮುಂದುವರಿಸಿದರು. "ನಿಂಗೆ ಚಾರ್ಜ್ ಕೊಟ್ಟೋರು ಯಾರು?"

"ಯಾರೂ ಇರ್ಲಿಲ್ಲ ಅಕ್ಕ. ಜಾಗ ಖಾಲಿ ಇತ್ತು. ನಾನೊಬ್ಳೇ ಸೈನ್ ಹಾಕಿ ತಗೊಂಡೆ."

"ಅದಕ್ಕೇ ಮತ್ತೆ. ನಾನಿನ್ನೂ ಕೊಟ್ಟೇ ಇಲ್ಲ."

ಆಂಟಿ ಕುರ್ಚಿಯನ್ನು ಮೇಜಿನ ಹತ್ತಿರಕ್ಕೆ ಎಳೆದುಕೊಂಡು ಚಾರ್ಜ್ ಕೊಡಲು ತೊಡಗಿದರು. ಕಿಟಕಿಯ ಚಿಲಕ, ವಾಲುವ ಫ್ಯಾನು, ಅಟೆಂಡರ್‌ನ ಬಲಗಿವಿ, ಮೊದಲನೇ ಬೀರುವಿನಲ್ಲಿ ಯಾವ ಅರೆಯಲ್ಲಿ ಏನು. ಜೂನಿಯರ್ ಒಂದೊಂದಕ್ಕೂ ಹೂಂ ಎನ್ನುತ್ತಿದ್ದರು. ಮಕ್ಕಳ ಕಥೆಗೆ ಹೂಂಗುಟ್ಟುವ ಹಾಗಿತ್ತು. ಎರಡನೇ ಬೀರು ಎಂದಾಗ ಆಂಟಿ ಬಲಗೈ ಎತ್ತಿದರು. ಎದುರಿಗೆ ಜೂನಿಯರ್‌ನ ಬಲಗೈಯೂ ಎದ್ದಿತು. ಎರಡೂ ಕೈ ಒಂದೇ ಅಳತೆಗೆ ಮೇಲೇರಿ ಮುಂದಕ್ಕೆ ದೂಡಿದವು. ಜೂನಿಯರ್ ಲೋಟವನ್ನು ಕೆಳಗಿಟ್ಟರು. ಆಮೇಲೆ ಹೂಂ ಎನ್ನಲಿಲ್ಲ, ಕೇಳಿಸಿಕೊಂಡರು.

"ತಗೊಂಡ್ಯಾ?"

"ತಗೊಂಡೆ ಅಕ್ಕ."

"ಎಲ್ಲಾ ನೋಡ್ಕೊಂಡ್ಯಾ? ನನ್ ಮುಖ ನೋಡಿ ಒಪ್ಕೋಬೇಡ."

"ನೋಡ್ಕೊಂಡೆ."

"ನೀನು ಅಲ್ಲಿಗೆ ಹೋದ ದಿನದಿಂದಾನೇ ಇಟ್ಕೋ. ಅವತ್ತಿಂದ ನಿಂದು."

ನಂತರ ನನ್ನ ಕಡೆ ತಿರುಗಿ, ವಕೀಲರಿಗೆ ಹೇಳಮ್ಮ, ಸೈನ್ ಹಾಕ್ತೀನಿ, ಈಗ ಅದು ನಿಜ ಎಂದರು. ದನಿ ಬಳಲಿತ್ತು. ಆ ವರ್ಷಗಳನ್ನೆಲ್ಲ ಬಿಟ್ಟುಕೊಟ್ಟರೆ ಮಾತ್ರ ಅವುಗಳ ಸಂಬಳ ಸಿಗುತ್ತದೆ ಎಂಬುದು ಅವರಿಗೆ ನಮ್ಮೆಲ್ಲರಿಗಿಂತ ಮೊದಲೇ ತಿಳಿದಿತ್ತೆಂದು ನನಗೆ ಅನ್ನಿಸುತ್ತದೆ. ಅಥವಾ ಅನ್ನಿಸಲಿ ಎಂದು ನಾನು ಬಯಸುತ್ತೇನೆ.

ಜೂನಿಯರ್ ಅವರನ್ನು ಸ್ಟೇಷನ್ನಿಗೆ ಬಿಡಲು ಹೋದಾಗ, ಅಷ್ಟು ಚೆನ್ನಾಗಿ ನಿಭಾಯಿಸಿದಿರಿ ಎಂದು ಥ್ಯಾಂಕ್ಸ್ ಹೇಳಿದೆ. ಅವರು ಮೆಟ್ಟಿಲ ಬಳಿ ನಿಂತರು. ಹೊಂಗೆ ಮರ ಇತ್ತೋ ಬೇವಿತ್ತೋ ಮರೆತುಹೋಗಿದೆ, ಫ್ಯಾನು ಎಲ್ಲ ಕಚೇರಿಯಲ್ಲೂ ವಾಲುತ್ತದೆ ಎಂದರು. ನಾನೂ ಅದನ್ನೇ ಅಂದುಕೊಂಡಿದ್ದೆ. ಒಂದೇ ಸರಬರಾಜಿನ ಬೀರುಗಳು, ಒಂದೇ ರೀತಿ ಜೋತುಬೀಳುತ್ತವೆ.

"ಅದು ಸರಿ ಕಣಮ್ಮ. ಆದ್ರೆ ಆ ಬಾಗಿಲು ಎತ್ತಿ ಹಾಕ್ಬೇಕು ಅಂತ ನಂಗೆ ಹೋದ ದಿನಾನೇ ಗೊತ್ತಿತ್ತು. ಅಲ್ಲಿ ಹೇಳಿಕೊಡೋರು ಯಾರೂ ಇರ್ಲಿಲ್ಲ. ಯಾರು ಹೇಳಿದ್ರು ಅಂತ ಇವತ್ತಿನವರೆಗೂ ಯೋಚನೇನೇ ಮಾಡಿರ್ಲಿಲ್ಲ ನೋಡು."

ರೈಲು ಬರುವ ಸದ್ದಾಯಿತು. ಅವರು ಮಂಡಿ ಹಿಡಿದುಕೊಂಡು ಮೆಟ್ಟಿಲು ಹತ್ತಿದರು.

ಆಂಟಿ ಅಫಿಡವಿಟ್ಟಿನ ಪ್ರತಿ ಸಾಲನ್ನೂ ಓದಿ ಸಹಿ ಹಾಕಿದರು. ಮಾರನೇ ದಿನ ವರಾಂಡಕ್ಕೆ ಬರಲಿಲ್ಲ. ಮನೆಯುಡುಪಿನ ಹಳೇ ಸೀರೆಯಲ್ಲಿ ಹಿತ್ತಲಲ್ಲಿ ತಂಗಿಯ ಜೊತೆ ಅವರೆಕಾಳು ಹಿತುಕುತ್ತಾ ಕೂತಿದ್ದರು. ನಗುತ್ತಿದ್ದರು. ಸೀರೆಯಲ್ಲಿ ಧೂಳು ಮತ್ತೆ ಕಾಣಲಿಲ್ಲ. ಅಷ್ಟರಲ್ಲಿ ರಸ್ತೆಗೂ ಟಾರು ಬಿದ್ದಿತ್ತು. ಒಮ್ಮೆ ಕಾಫಿ ಕುಡಿಯುತ್ತಾ ಎರಡನೇ ಬೀರುವಿನ ಮಾತೆತ್ತಿದೆ. "ಯಾವ ಬೀರು?" ಎಂದರು. ನಟನೆಯಲ್ಲ. ಅವರ ಕಣ್ಣಲ್ಲಿ ಆ ಕಚೇರಿ ಇರಲಿಲ್ಲ. ಕೊರಿಯರ್ ಹುಡುಗನಿಗೆ ಪಾರ್ಸಲ್ ಬಿಚ್ಚದೆ ಸಹಿ ಹಾಕಿ ಕಳಿಸಿದರು. ಅವನೇ ಗಾಬರಿಯಾಗಿ, ಆಂಟಿಗೆ ಆರಾಮಿಲ್ಲೇನ್ರಿ ಎಂದು ನನ್ನನ್ನು ಕೇಳಿದ.

ವಾದ ಮುಗಿದು ತೀರ್ಪು ಬಾಕಿ ಇದ್ದಾಗ ಆಂಟಿ ಹೋದರು. ಅವರೆಕಾಯಿಯ ಕಾಲ ಇನ್ನೂ ಮುಗಿದಿರಲಿಲ್ಲ. ಸಂಜೆ, ಕಚೇರಿಗಳು ಬಿಡುವ ಹೊತ್ತು, ಮಲಗಿದ್ದವರು ಏಳಲಿಲ್ಲ.

ತೀರ್ಪು ಬಂದಾಗ ಚಿಕ್ಕಾಂಟಿ ನನ್ನಿಂದಲೇ ಓದಿಸಿದರು. ಕೆಲಸ ನಿರ್ವಹಿಸಿಲ್ಲ ಎಂಬ ಸಾಲನ್ನು ತೆಗೆದುಹಾಕಿದ್ದರು. ಸಂಬಳದ ಬಾಕಿ ಕೊಡತಕ್ಕದ್ದು. ಆ ಅವಧಿಯನ್ನು ಎಲ್ಲ ಉದ್ದೇಶಗಳಿಗೂ ಕರ್ತವ್ಯದ ಅವಧಿ ಎಂದೇ ಪರಿಗಣಿಸತಕ್ಕದ್ದು.

"ಅಂದ್ರೆ ಅಕ್ಕ ಅಲ್ಲಿ ಕೆಲಸ ಮಾಡಿದ್ಲು ಅಂತಾನೇ?"

"ಹಾಗೆ ಅಂದ್ಕೋಬೇಕು ಅಂತ ಚಿಕ್ಕಾಂಟಿ."

"ಅಂದ್ಕೊಳೋದೇನು ಬಂತು. ಕೋರ್ಟು ಹೇಳಿದ್ಮೇಲೆ ಮುಗೀತು. ಇದ್ಲು." ಅವರು ವರಾಂಡದ ಖಾಲಿ ಕುರ್ಚಿಯ ಕಡೆ ನೋಡಿದರು. "ಚಾರ್ಜ್ ಬೇರೆ ಕೊಟ್ಬಿಟ್ಟು ಹೋದ್ಲಲ್ಲೇ."

ಆಂಟಿಯ ಬಟ್ಟೆಗಳನ್ನು ಹಂಚಿದ ಮೇಲೆ ಅವರ ಬೀರುವನ್ನು ಚಿಕ್ಕಾಂಟಿ ನನಗೆ ಕೊಟ್ಟರು. ಅದೀಗ ನನ್ನ ಕೋಣೆಯಲ್ಲಿದೆ, ನನ್ನ ದಿನಚರಿಗಳೆಲ್ಲ ಅದರಲ್ಲೇ. ಆಂಟಿಯಿಂದ ನಾನು ಪಡೆದದ್ದೇನು ಎಂದು ಕೇಳಿಕೊಂಡಾಗ, ಸಹಿ ಹಾಕುವ ಮೊದಲು ಓದುವುದು ಎಂದು ಹೇಳಿಕೊಳ್ಳುತ್ತೇನೆ. ಅದು ನಿಜವೂ ಹೌದು. ಬಳ್ಳಾರಿಗೆ ಹೋಗಿ ಆ ಕಚೇರಿಯನ್ನು ಒಮ್ಮೆ ನೋಡಿಬರಬಹುದು. ಮರ ಹೊಂಗೆಯೋ ಬೇವೋ ಗೊತ್ತಾಗುತ್ತದೆ. ಹೋಗಿಲ್ಲ. ಹೋದರೆ ದಾರಿ ಕೇಳದೆ ಆ ಕೋಣೆಯವರೆಗೆ ನ‌ಡೆದುಬಿಡುತ್ತೇನೆ ಎಂಬ ಭಯ.

ಈ ಬೀರು ಗಟ್ಟಿಯಾಗಿದೆ. ಬಾಗಿಲು ಜೋತುಬಿದ್ದಿಲ್ಲ, ಮೆಲ್ಲಗೆ ತಳ್ಳಿದರೂ ಬೀಗ ಬೀಳುತ್ತದೆ. ಆದರೂ ಪ್ರತಿದಿನ, ಬರೆದದ್ದನ್ನು ಒಳಗಿಟ್ಟು ಮುಚ್ಚುವಾಗ, ನನ್ನ ಬಲಗೈ ಹಿಡಿಯನ್ನು ತುಸು ಮೇಲಕ್ಕೆತ್ತಿ ಮುಂದಕ್ಕೆ ದೂಡುತ್ತದೆ.